ನೋಡುವವರ ಸಾಲ

ಈಚೆಗೆ ಒಂದು ಮಧ್ಯಾಹ್ನ ಬಾಗಳಿಯ ಕಲ್ಲೇಶ್ವರ ಗುಡಿಯ ಮಂಟಪದಲ್ಲಿ ಕುಳಿತಿದ್ದೆ. ಹರಪನಹಳ್ಳಿ ತಾಲ್ಲೂಕಿನ ಈ ಊರು ನನಗೆ ಹೊಸದಲ್ಲ. ನನ್ನ ಖಾಲಾ, ಅಂದರೆ ಅಮ್ಮನ ತಂಗಿ, ಮದುವೆಯಾಗಿ ಬಂದದ್ದು ಇಲ್ಲಿಗೇ. ರಾಷ್ಟ್ರಕೂಟರ ಕಾಲದಲ್ಲಿ ಶುರುವಾಗಿ, ಇಮ್ಮಡಿ ತೈಲಪನ ಕಾಲಕ್ಕೆ, ಎಂದರೆ 10ನೇ ಶತಮಾನದ ಕೊನೆಗೆ ಈಗಿನ ರೂಪಕ್ಕೆ ಬಂದ ಗುಡಿ ಅದು. ಮಂಟಪಕ್ಕೆ ಐವತ್ತು ಕಂಬಗಳು. ಬಿಸಿಲು ಹೆಚ್ಚಾದಾಗ ಒಳಗೆ ತಂಪು. ಆವತ್ತು ಊರಿನ ಮೂರು ಮಂದಿ ಮುದುಕಿಯರು ಕಂಬಕ್ಕೆ ಒರಗಿ ಎಲೆಯಡಿಕೆ ಹಾಕುತ್ತ ಕೂತಿದ್ದರು. ಪೇಟೆಯಿಂದ ಬಂದ ಹುಡುಗರಿಬ್ಬರು ಕಂಬಗಳನ್ನು ಮೊಬೈಲಿನಲ್ಲಿ ತೆಗೆದಾದ ಮೇಲೆ ಮೆಲ್ಲಗೆ ಅದನ್ನು ಮುದುಕಿಯರ ಕಡೆಗೆ ತಿರುಗಿಸಿದರು. ಒಬ್ಬಾಕೆ ಸೆರಗನ್ನು ಬಾಯಿಗೆ ಅಡ್ಡ ಹಿಡಿದು ಅಂದಳು:

"ನಮ್ಮದ್ಯಾಕ ತಗೀತಿಯಪ್ಪಾ? ಕಲ್ಲಿಂದು ತಗಿ. ಅವಕ್ಕೇನು ಅನ್ಸಂಗಿಲ್ಲ."

"ಏನಾಗಲ್ಲ ಅಜ್ಜಿ. ಸುಮ್ನೆ ನ್ಯಾಚುರಲ್ಲಾಗಿ ಇರಿ" ಅಂದ ಹುಡುಗ.

ಹುಡುಗ ಕೆಟ್ಟವನೇನಲ್ಲ. ಹೋಗುವಾಗ ಮೂವರಿಗೂ ಬಿಸ್ಕತ್ತಿನ ಪೊಟ್ಟಣ ಕೊಟ್ಟು ಹೋದ. ಆದರೆ "ನ್ಯಾಚುರಲ್ಲಾಗಿ ಇರಿ" ಎಂಬ ಆ ಮಾತು ಕಿವಿಗೆ ಬಿದ್ದೊಡನೆ ನನಗೆ ಕೂತಲ್ಲಿ ಕೂರಲಾಗಲಿಲ್ಲ. ಅದೇ ಮಾತನ್ನು ಇದೇ ಊರಿನಲ್ಲಿ, ಗುಡಿಯಿಂದ ನಾಲ್ಕು ಓಣಿ ಆಚೆ, ನನ್ನ ಖಾಲಾನ ಅಂಗಳದಲ್ಲಿ, 1998ರಲ್ಲಿ ಕೇಳಿದ್ದೆ. ಹೇಳಿದವರನ್ನು ಅಲ್ಲಿಗೆ ಕರೆದುಕೊಂಡು ಹೋದವನು ನಾನೇ. ಅದನ್ನು ಮುಂದೆ ಹೇಳುತ್ತೇನೆ.

ಇನ್ನೊಬ್ಬರ ಬದುಕನ್ನು ನೋಡುವುದು, ನೋಡಿದ್ದನ್ನು ಹಿಡಿದಿಡುವುದು, ಹಿಡಿದಿಟ್ಟದ್ದನ್ನು ಮೂರನೆಯವರಿಗೆ ತೋರಿಸುವುದು, ಇದರಲ್ಲಿ ನ್ಯಾಯ ಯಾವುದು, ಅನ್ಯಾಯ ಯಾವುದು? ಕಥೆ ಬರೆಯುವ ನನಗೂ ಈ ಪ್ರಶ್ನೆ ತಪ್ಪಿದ್ದಲ್ಲ. ಆದರೆ ಕಥೆಗಾರನಿಗೆ ಹೆಸರು ಬದಲಿಸುವ, ಊರು ಬದಲಿಸುವ, ಗಂಡಸನ್ನು ಹೆಂಗಸು ಮಾಡುವ ಅನುಕೂಲವಿದೆ. ಸಾಕ್ಷ್ಯಚಿತ್ರ ತೆಗೆಯುವವರಿಗೆ ಅದಿಲ್ಲ. ಮುಖ ಮುಖವೇ. ಹಾಗಾಗಿ ಈ ಪ್ರಶ್ನೆಯನ್ನು ಅವರ ಕಸುಬಿನಲ್ಲಿ ಇಟ್ಟು ನೋಡುವುದು ಹೆಚ್ಚು ಪ್ರಾಮಾಣಿಕ ಅನ್ನಿಸುತ್ತದೆ.

ನಮ್ಮ ತಲೆಮಾರಿನವರಿಗೆ ಡಾಕ್ಯುಮೆಂಟರಿ ಎಂದರೆ ಟೆಂಟ್ ಸಿನಿಮಾದಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ಬರುತ್ತಿದ್ದ ಫಿಲ್ಮ್ಸ್ ಡಿವಿಜನ್ನಿನ ರೀಲು. ಅಣೆಕಟ್ಟು, ಟ್ರ್ಯಾಕ್ಟರು, ಸೂಜಿಮದ್ದು, ನಗುವ ರೈತ. ಯಾರ ಬಾಯಿಯೂ ಮಾತಾಡುತ್ತಿರಲಿಲ್ಲ. ಎಲ್ಲರ ಪರವಾಗಿ ಮೇಲಿನಿಂದ ಒಂದು ಗಡಸು ಧ್ವನಿ ಮಾತಾಡುತ್ತಿತ್ತು. ಆ ಧ್ವನಿಯ ಮುಖವನ್ನು ನಾವು ಕಂಡವರಲ್ಲ. ಬಡವನಿಗೆ ಏನು ಬೇಕೆಂದು ಬಡವನಿಗಿಂತ ಚೆನ್ನಾಗಿ ಅದಕ್ಕೆ ಗೊತ್ತಿತ್ತು.

ಈ ಧ್ವನಿಯ ಮೇಲಿನ ಸಿಟ್ಟಿನಿಂದಲೇ 1960ರ ದಶಕದಲ್ಲಿ ಅಮೆರಿಕ, ಕೆನಡಾ, ಫ್ರಾನ್ಸ್ ದೇಶಗಳಲ್ಲಿ ಇನ್ನೊಂದು ಬಗೆ ಹುಟ್ಟಿತು ಎನ್ನಬಹುದು. ಹೆಗಲ ಮೇಲೆ ಹೊರಬಹುದಾದ 16 ಎಂ.ಎಂ. ಕ್ಯಾಮೆರಾ ಬಂತು, ಚಿತ್ರದ ಜೊತೆಗೇ ಧ್ವನಿ ಹಿಡಿಯುವ ಪುಟ್ಟ ಟೇಪ್ ರೆಕಾರ್ಡರ್ ಬಂತು. ಇನ್ನು ಮೇಲೆ ವಿವರಣೆ ಬೇಡ, ಪ್ರಶ್ನೆ ಕೇಳುವುದೂ ಬೇಡ, ಹಿನ್ನೆಲೆ ಸಂಗೀತವೂ ಬೇಡ. ಅಲ್ಲಿ ಇರೋಣ, ಆಗುವುದನ್ನು ನೋಡೋಣ ಎಂದರು. ನಾನು ಇದನ್ನು ಸುಮ್ಮನೆ 'ನೋಡುವ ಸಿನಿಮಾ' ಎಂದು ಕರೆಯುತ್ತೇನೆ. ಇದರಲ್ಲಿ ದೊಡ್ಡ ಹೆಸರು ಫ್ರೆಡರಿಕ್ ವೈಸ್‌ಮನ್. ಕಾನೂನು ಓದಿ ಸಿನಿಮಾಕ್ಕೆ ಬಂದ ಈತನ ಮೊದಲ ಚಿತ್ರ 1967ರ 'ಟಿಟಿಕಟ್ ಫಾಲೀಸ್'. ಮಸಾಚುಸೆಟ್ಸ್ ರಾಜ್ಯದ ಬ್ರಿಜ್‌ವಾಟರ್ ಎಂಬಲ್ಲಿ ಅಪರಾಧಿ ಮನೋರೋಗಿಗಳನ್ನು ಇಟ್ಟಿದ್ದ ಸರ್ಕಾರಿ ಸಂಸ್ಥೆಯ ಒಳಗಿನ ಚಿತ್ರ. ಬೆತ್ತಲೆ ನಿಂತ ರೋಗಿಗಳು, ಗೇಲಿ ಮಾಡುವ ಕಾವಲುಗಾರರು, ಮೂಗಿನೊಳಗೆ ಕೊಳವೆ ತೂರಿಸಿ ಊಟ ಸುರಿಯುವ ವೈದ್ಯ. ಒಂದು ಮಾತಿನ ವಿವರಣೆಯೂ ಇಲ್ಲ.

ಆಮೇಲೆ ನಡೆದದ್ದು ನಮ್ಮ ಪ್ರಶ್ನೆಗೆ ಮುಖ್ಯ. ರಾಜ್ಯ ಸರ್ಕಾರ ಕೋರ್ಟಿಗೆ ಹೋಯಿತು. ಏನೆಂದು? ರೋಗಿಗಳ ಮಾನಕ್ಕೆ, ಅವರ ಖಾಸಗಿತನಕ್ಕೆ ಧಕ್ಕೆಯಾಗಿದೆ ಎಂದು! ಅವರನ್ನು ಬೆತ್ತಲೆ ನಿಲ್ಲಿಸಿದವರೇ ಅವರ ಮಾನದ ಪರವಾಗಿ ವಾದಿಸಿದರು. ವೈದ್ಯರು, ವಕೀಲರು, ವಿದ್ಯಾರ್ಥಿಗಳು ಮುಂತಾದವರ ಹೊರತು ಸಾರ್ವಜನಿಕರು ನೋಡಬಾರದೆಂದು 1969ರಲ್ಲಿ ತೀರ್ಪಾಯಿತು. ನಿರ್ಬಂಧ ಹೋದದ್ದು 1991ರಲ್ಲಿ. ಆದರೆ ಸರ್ಕಾರದ ಬಾಯಲ್ಲಿ ಬಂದ ಮಾತ್ರಕ್ಕೆ ಆ ವಾದ ಪೂರ್ತಿ ಸುಳ್ಳಾಗುವುದೇ? ಬುದ್ಧಿ ಸ್ತಿಮಿತದಲ್ಲಿಲ್ಲದ ಮನುಷ್ಯನಿಂದ ಅನುಮತಿ ಪಡೆಯುವುದು ಹೇಗೆ? ಅವನ ಮಗಳು ಎಂದೋ ಒಂದು ದಿನ ಆ ಚಿತ್ರ ನೋಡಿದರೆ? ವೈಸ್‌ಮನ್‌ನ ಮೇಲೆ ನನಗೆ ಅಪಾರ ಗೌರವ. ಆದರೂ ಈ ಪ್ರಶ್ನೆಗೆ ಅವನ ಚಿತ್ರದೊಳಗೆ ಉತ್ತರವಿಲ್ಲ.

ಉತ್ತರದ ಒಂದು ತುದಿ ನನಗೆ ಸಿಕ್ಕಿದ್ದು ನಮ್ಮದೇ ರಾಜ್ಯದ ಒಂದು ಪಟ್ಟಣದಲ್ಲಿ, ಅದೂ ತಂಬಾಕಿನ ಘಾಟಿನಲ್ಲಿ.

ದೀಪಾ ಧನರಾಜ್ ಬೆಂಗಳೂರಿನಲ್ಲಿ ನೆಲೆಸಿದ ಚಿತ್ರ ನಿರ್ದೇಶಕಿ. ನಾಲ್ಕು ದಶಕಗಳಿಗೂ ಮೀರಿದ ಕೆಲಸ ಅವರದು. ಆದರೂ ನಮ್ಮ ಕನ್ನಡ ಓದುಗರಲ್ಲಿ ಎಷ್ಟು ಮಂದಿ ಅವರ ಹೆಸರು ಕೇಳಿದ್ದಾರೋ ಅನುಮಾನ. ನಾವು ಸಿನಿಮಾ ಎಂದರೆ ನಾಯಕನಟರ ಹುಟ್ಟುಹಬ್ಬ ಎಂದುಕೊಂಡವರು. ಇರಲಿ. 1980ರಲ್ಲಿ ದೀಪಾ, ಆಭಾ ಭೈಯಾ, ಮೀರಾ ರಾವ್ ಹಾಗೂ ಛಾಯಾಗ್ರಾಹಕ ನವರೋಜ್ ಕಾಂಟ್ರಾಕ್ಟರ್ ಸೇರಿ 'ಯುಗಾಂತರ' ಎಂಬ ಗುಂಪು ಕಟ್ಟಿದರು. ಮಣಿ ಕೌಲ್ ಅವರ 'ದುವಿಧಾ'ದ (1973) ಕ್ಯಾಮೆರಾ ಹಿಡಿದ ನವರೋಜ್ ದೀಪಾ ಅವರ ಬಾಳಸಂಗಾತಿಯೂ ಹೌದು. 2023ರ ಜೂನ್‌ನಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಯುಗಾಂತರ ಮೂರೇ ವರ್ಷಗಳಲ್ಲಿ ನಾಲ್ಕು ಚಿಕ್ಕ ಚಿತ್ರಗಳನ್ನು ಮಾಡಿತು. ಪುಣೆಯ ಮನೆಗೆಲಸದ ಹೆಂಗಸರ ಬಗ್ಗೆ 'ಮೋಲ್ಕರೀಣ್' (1981), ನಿಪ್ಪಾಣಿಯ ತಂಬಾಕು ಕಾರ್ಖಾನೆಯ ಹೆಂಗಸರ ಬಗ್ಗೆ 'ತಂಬಾಖು ಚಾಕಿಲಾ ಊಬ್ ಆಲಿ' (1982), ಮನೆಯೊಳಗಿನ ಹಿಂಸೆಯ ಬಗ್ಗೆ ತೆಲುಗಿನಲ್ಲಿ 'ಇದಿ ಕಥಾ ಮಾತ್ರಮೇನಾ' (1983), ಚಿಪ್ಕೋ ಚಳವಳಿಯ ಒಬ್ಬ ಹೆಣ್ಣುಮಗಳ ಬಗ್ಗೆ 'ಸುದೇಶಾ' (1983).

ನಿಪ್ಪಾಣಿ ಬೆಳಗಾವಿ ಜಿಲ್ಲೆಯ ಗಡಿಯ ಊರು, ಮಾತು ಹೆಚ್ಚಾಗಿ ಮರಾಠಿ. ಬೀಡಿಗೆ ಬೇಕಾದ ತಂಬಾಕನ್ನು ಕುಟ್ಟಿ, ಜರಡಿ ಹಿಡಿದು, ಹದಮಾಡುವ ಕಾರ್ಖಾನೆಗಳಲ್ಲಿ ದುಡಿಯುತ್ತಿದ್ದವರು ಸಾವಿರಾರು ಹೆಂಗಸರು. ಒಳಗೆ ಗಾಳಿಯಿಲ್ಲ, ಪುಡಿ ಮೂಗಿಗೆ, ಕಣ್ಣಿಗೆ, ಎದೆಗೆ. ಮಾಲೀಕರ ಹಾಗೂ ಮೇಸ್ತ್ರಿಗಳ ಕಾಟ ಬೇರೆ. ಅವರು ಸಂಘ ಕಟ್ಟಿದರು, ಮುಷ್ಕರ ಹೂಡಿದರು. ಈ ಸುದ್ದಿ ಕೇಳಿ ಅಲ್ಲಿಗೆ ಹೋದ ಯುಗಾಂತರದವರು ಬಂದ ದಿನವೇ ಕ್ಯಾಮೆರಾ ಬಿಚ್ಚಲಿಲ್ಲ. ತಿಂಗಳುಗಟ್ಟಲೆ ಆ ಹೆಂಗಸರ ಜೊತೆ ಇದ್ದರು. ಏನು ತೋರಿಸಬೇಕು, ಏನು ಬೇಡ ಎಂಬ ಚರ್ಚೆಯಲ್ಲಿ ಅವರೂ ಕೂತರು. ಚಿತ್ರವಾದ ಮೇಲೆ ಅದು ಮತ್ತೆ ಕೆಲಸಗಾರರ ನಡುವೆಯೇ, ಸಂಘಗಳ ಸಭೆಗಳಲ್ಲಿ ಓಡಾಡಿತು. ಸುಮಾರು ಇಪ್ಪತ್ತೈದು ನಿಮಿಷದ ಕಪ್ಪುಬಿಳುಪು ಚಿತ್ರ. ಅದರಲ್ಲಿ ಹೆಂಗಸರು ಕಣ್ಣಿಗೆ ಕಣ್ಣು ಕೊಟ್ಟು ಮಾತಾಡುತ್ತಾರೆ. ಯಾರೂ ಅವರಿಗೆ ನ್ಯಾಚುರಲ್ಲಾಗಿ ಇರಿ ಎಂದು ಹೇಳಿದಂತೆ ಕಾಣುವುದಿಲ್ಲ.

ಒಂದು ಮಾತನ್ನು ಒಪ್ಪಿಕೊಳ್ಳಬೇಕು. ಶುದ್ಧ ನೋಡುವ ಸಿನಿಮಾದ ಮಡಿವಂತರು ಯುಗಾಂತರದ ಚಿತ್ರಗಳನ್ನು ಒಪ್ಪಲಾರರು. ಅಲ್ಲಿ ಹಿನ್ನೆಲೆಯ ಮಾತುಂಟು, ಹಿಂದೆ ನಡೆದದ್ದನ್ನು ಮತ್ತೆ ಮಾಡಿ ತೋರಿಸುವುದೂ ಉಂಟು. 'ಇದಿ ಕಥಾ ಮಾತ್ರಮೇನಾ' ಅಂತೂ ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನೆಯ ಜೊತೆ ಕೂಡಿ ಕಟ್ಟಿ, ಅಭಿನಯಿಸಿದ ಕಥೆಯೇ. ಅಭಿನಯ ಬಂದ ಮೇಲೆ ಸತ್ಯ ಎಲ್ಲಿ ಉಳಿಯಿತು ಎಂದು ಕೇಳುವವರಿದ್ದಾರೆ. ನಾನೂ ಕೇಳುತ್ತಿದ್ದೆನೋ ಏನೋ, ಖಾಲಾನ ಅಂಗಳದ ಆ ಮಧ್ಯಾಹ್ನ ಇಲ್ಲದಿದ್ದರೆ.

1998ರಲ್ಲಿ ನಾನು ಹರಪನಹಳ್ಳಿಯಲ್ಲಿ ಪಿಯುಸಿ ಓದುತ್ತಿದ್ದೆ. ನಮ್ಮ ತಾಲ್ಲೂಕನ್ನು ಬಳ್ಳಾರಿಯಿಂದ ಕಿತ್ತು ದಾವಣಗೆರೆಗೆ ಸೇರಿಸಿ ಒಂದು ವರ್ಷವಾಗಿತ್ತು. (2018ರಲ್ಲಿ ಮತ್ತೆ ಬಳ್ಳಾರಿಗೆ, 2021ರಲ್ಲಿ ಹೊಸ ವಿಜಯನಗರ ಜಿಲ್ಲೆಗೆ. ನಮ್ಮನ್ನು ಯಾರೂ ಕೇಳುವುದಿಲ್ಲ, ಅದು ಬೇರೆ ಮಾತು.) ನಮ್ಮ ಕಡೆ ಬೀಡಿ ಕಟ್ಟುವ ಮನೆಗಳು ಬಹಳ. ಮೊರವನ್ನು ತೊಡೆಯ ಮೇಲಿಟ್ಟು, ನೆನೆಸಿದ ಎಲೆ ಕತ್ತರಿಸಿ, ತಂಬಾಕು ತುಂಬಿ ಸುತ್ತಿ, ದಾರ ಕಟ್ಟುವುದು. ಸಾವಿರ ಬೀಡಿಗೆ ಇಷ್ಟು ಎಂದು ಲೆಕ್ಕ. ಗುತ್ತಿಗೆದಾರ ಎಲೆ, ತಂಬಾಕು ತೂಗಿ ಕೊಡುತ್ತಾನೆ, ಕಟ್ಟಿದ್ದನ್ನು ಆರಿಸಿ ತೆಗೆದುಕೊಳ್ಳುತ್ತಾನೆ, ಸರಿಯಿಲ್ಲವೆಂದದ್ದನ್ನು ಅಲ್ಲೇ ಮುರಿದು ಬಿಸಾಡುತ್ತಾನೆ. ಖಾಲಾ ಇಡೀ ದಿನ ಈ ಕೆಲಸದಲ್ಲೇ. ಮಾತಾಡುವಾಗಲೂ ಬೆರಳು ನಿಲ್ಲುತ್ತಿರಲಿಲ್ಲ.

ಊರ ಹೊರಗಿನಿಂದ ವಿಡಿಯೋ ತಂಡವೊಂದು ಬಂತು. ಬೀಡಿ ಕಾರ್ಮಿಕರ ಕಷ್ಟ ತೋರಿಸುವ ಕಾರ್ಯಕ್ರಮವಂತೆ. ಉರ್ದು, ಕನ್ನಡ ಎರಡೂ ಬಲ್ಲ ಹುಡುಗ ಬೇಕಿತ್ತು, ನಾನು ಸಿಕ್ಕೆ. ನನಗೋ, ಕ್ಯಾಮೆರಾದವರ ಜೊತೆ ಜೀಪಿನಲ್ಲಿ ಕೂತದ್ದೇ ದೊಡ್ಡದು. ನೇರ ಖಾಲಾನ ಮನೆಗೆ ಕರೆದೊಯ್ದೆ. ಅವಳು ಮೊದಲು ಬೇಡವೆಂದಳು. ನನ್ನ ಮುಖ ನೋಡಿ ಒಪ್ಪಿದಳು. ಲೈಟು ಹಚ್ಚಿದರು, ಮೊರವನ್ನು ಅತ್ತ ಇತ್ತ ಸರಿಸಿದರು, ನ್ಯಾಚುರಲ್ಲಾಗಿ ಇರಿ ಅಂದರು. ಆಮೇಲೆ ನನಗೆ ಹೇಳಿದರು: ಸ್ವಲ್ಪ ಕೆಮ್ಮಲು ಹೇಳಪ್ಪ. ನಾನು ಹೇಳಿದೆ. ಅವಳು ನಕ್ಕಳು. ಮತ್ತೆ ಹೇಳಿದೆ. ಕೆಮ್ಮಿದಳು. ಸರಿಯಾಗಲಿಲ್ಲವೆಂದು ಇನ್ನೊಮ್ಮೆ ಕೆಮ್ಮಿಸಿದರು.

ಕಾರ್ಯಕ್ರಮ ಬಂದಾಗ ಅಕ್ಕಪಕ್ಕದವರೆಲ್ಲ ಸೇರಿ ನೋಡಿದೆವು. ಖಾಲಾ ಪರದೆಯ ಮೇಲೆ ಇದ್ದದ್ದು ಅರ್ಧ ನಿಮಿಷವೂ ಇರಲಿಲ್ಲ. ಅವಳು ಕೆಮ್ಮುವಾಗ ಮೇಲಿನಿಂದ ಧ್ವನಿಯೊಂದು ಕ್ಷಯರೋಗದ ಬಗ್ಗೆ ಮಾತಾಡಿತು. ಅವಳು ಅಂದ ಒಂದು ಮಾತೂ ಇರಲಿಲ್ಲ. ಗುತ್ತಿಗೆದಾರ ಎರಡು ವಾರ ಎಲೆ ಕೊಡಲಿಲ್ಲ. ಅವಳಿಗೆ ರೋಗವಂತೆ ಎಂದು ಊರು ಮಾತಾಡಿತು, ಮಗಳಿಗೆ ಬಂದಿದ್ದ ಒಂದು ಸಂಬಂಧ ಹಿಂದೆ ಸರಿಯಿತು. ನಾನು ತಿಂಗಳುಗಳ ಕಾಲ ಆ ಮನೆಯ ಕಡೆ ಹೋಗಲಿಲ್ಲ. ಹೋದಾಗ ಅವಳು ನನ್ನನ್ನು ಬೈಯಲಿಲ್ಲ. ಇಷ್ಟೇ ಅಂದಳು: "ಮೈ ಖಾಂಸೀ ನೈಂ ಥೀ ಬಾ. ತೂ ಬೋಲ್ಯಾ ಕರ್ಕೆ ಖಾಂಸೀ." ನಾನು ಕೆಮ್ಮಿರಲಿಲ್ಲಪ್ಪ, ನೀನು ಹೇಳಿದೆಯೆಂದು ಕೆಮ್ಮಿದೆ.

ಈಗ ನೋಡಿ. ಯುಗಾಂತರದ ಚಿತ್ರಗಳಲ್ಲೂ ಮಾಡಿ ತೋರಿಸಿದ್ದುಂಟು, ನಮ್ಮ ಅಂಗಳದಲ್ಲೂ ಮಾಡಿ ತೋರಿಸಿದ್ದಾಯಿತು. ಅಭಿನಯವೇ ಅಪರಾಧವಾದರೆ ಎರಡೂ ಅಪರಾಧ. ಆದರೆ ಎರಡೂ ಒಂದೇ ಎನ್ನಲು ನನ್ನ ಮನಸ್ಸು ಒಪ್ಪುವುದಿಲ್ಲ. ಅಲ್ಲಿ ಏನು ನಡೆಯಿತೆಂದು ಹೆಂಗಸರಿಗೆ ಗೊತ್ತಿತ್ತು, ಅದನ್ನು ಮತ್ತೆ ಮಾಡಿ ತೋರಿಸಿದ್ದು ತಮ್ಮ ಕೆಲಸಕ್ಕಾಗಿ. ಇಲ್ಲಿ ಖಾಲಾನ ಎದೆಯಲ್ಲಿ ಇಲ್ಲದ ಕೆಮ್ಮನ್ನು ಬೇರೊಬ್ಬರ ವಾಕ್ಯಕ್ಕಾಗಿ ಹೊರತೆಗೆದರು. ವಾಕ್ಯ ಮೊದಲೇ ಬರೆದಾಗಿತ್ತು, ಕೆಮ್ಮು ಮಾತ್ರ ಬಾಕಿಯಿತ್ತು. ಬೀಡಿ ಕಟ್ಟುವವರಿಗೆ ಎದೆರೋಗ ಬರುವುದು ಸುಳ್ಳಲ್ಲ ಎಂದು ಯಾರಾದರೂ ವಾದಿಸಬಹುದು. ಹೌದು, ಸುಳ್ಳಲ್ಲ. ಆದರೆ ಸಾವಿರ ಮಂದಿಯ ಸತ್ಯವನ್ನು ಒಬ್ಬಳ ಮೇಲೆ ಸುಳ್ಳಾಗಿ ಹೊರಿಸಬಹುದೇ? ಹೊರಿಸಿದ ಮೇಲೆ ಅದರ ಬೆಲೆ ಕಟ್ಟುವವಳು ಅವಳೊಬ್ಬಳೇ ಅಲ್ಲವೆ?

ಉರ್ದು ಶಾಲೆಯಲ್ಲಿ ನಮ್ಮ ಮಾಸ್ತರರು ಇಮ್ಲಾ, ಅಂದರೆ ಉಕ್ತಲೇಖನ ಬರೆಸುವಾಗ ಹುಡುಗರೆಲ್ಲ ತಪ್ಪುತ್ತಿದ್ದ ಒಂದು ಜೋಡಿ ಪದವಿತ್ತು. 'ಜೋಯ್' ಅಕ್ಷರದಿಂದ ಬರೆದರೆ ನಜರ್ ಎಂದರೆ ನೋಟ. 'ಜಾಲ್' ಅಕ್ಷರದಿಂದ ಬರೆದರೆ ಅದು ನಜ್ರ್, ಹರಕೆ, ಕಾಣಿಕೆ. ನಮ್ಮ ದಖನಿ ಬಾಯಲ್ಲಿ ಎರಡೂ ಒಂದೇ 'ನಜರ್'. ಬರೆಯುವಾಗಷ್ಟೇ ವ್ಯತ್ಯಾಸ, ತಪ್ಪಿದರೆ ಅಂಗೈಗೆ ಪೆಟ್ಟು. ಮೊದಲನೆಯ ನಜರಿಗೆ ಇನ್ನೊಂದು ಅರ್ಥವೂ ಇದೆ, ದೃಷ್ಟಿ ತಾಗುವುದು. ಕನ್ನಡದ ದೃಷ್ಟಿಗೂ ಹಾಗೆಯೇ. ನೋಟ ತಾಗುತ್ತದೆ, ತಾಗಿದರೆ ಕೆಡುತ್ತದೆ ಎಂದು ನಮ್ಮ ಅಜ್ಜಿಯರಿಗೆ ಯಾವ ಸಿನಿಮಾ ಪಂಡಿತರೂ ಹೇಳಿಕೊಡಬೇಕಿರಲಿಲ್ಲ. ನಮ್ಮಲ್ಲಿ ತಸ್ವೀರು ತೆಗೆಸುವುದೇ ಸರಿಯೋ ತಪ್ಪೋ ಎಂಬ ಚರ್ಚೆ ಹಳೆಯದು, ಅದಕ್ಕೆ ನಾನು ಹೋಗುವುದಿಲ್ಲ. ಆದರೆ ಕುರ್‌ಆನಿನ ಹುಜುರಾತ್ ಅಧ್ಯಾಯ ಇತರರ ಗುಟ್ಟು ಕೆದಕುವುದನ್ನೂ ಬೆನ್ನ ಹಿಂದೆ ಆಡಿಕೊಳ್ಳುವುದನ್ನೂ ಒಟ್ಟಿಗೇ ನಿಷೇಧಿಸುತ್ತದೆ ಎಂಬುದನ್ನು ಮಾತ್ರ ನೆನಪಿಸುತ್ತೇನೆ. ನೋಡುವುದು, ಆಮೇಲೆ ಅವರಿಲ್ಲದಲ್ಲಿ ಅವರ ಬಗ್ಗೆ ಹೇಳುವುದು. ಕ್ಯಾಮೆರಾ ಎರಡನ್ನೂ ಒಂದೇ ಗುಂಡಿಯಲ್ಲಿ ಮಾಡುತ್ತದೆ.

ಹಾಗಾದರೆ ನೋಡಲೇ ಬಾರದೇ? ಇಲ್ಲಿ ದೀಪಾ ಅವರ ಮುಂದಿನ ಚಿತ್ರಗಳು ನನ್ನನ್ನು ತಡೆದು ನಿಲ್ಲಿಸುತ್ತವೆ.

1986ರ 'ಕ್ಯಾ ಹುವಾ ಇಸ್ ಶಹರ್ ಕೋ?' ಹೈದರಾಬಾದಿನ ಹಳೇ ಶಹರದಲ್ಲಿ 1984ರಲ್ಲಿ ನಡೆದ ಗಲಭೆಗಳ ಚಿತ್ರ. ಒಂದೂವರೆ ಗಂಟೆಯ ಈ ಚಿತ್ರವನ್ನು ನಾನು ನೋಡಿದ್ದು ಬಹಳ ತಡವಾಗಿ. ಕರ್ಫ್ಯೂವಿನ ಓಣಿಗಳು, ಮೆರವಣಿಗೆಗಳು, ಎರಡೂ ಕಡೆಯ ನಾಯಕರ ಭಾಷಣಗಳು, ಮನೆ ಕಳೆದುಕೊಂಡವರು, ದಿನಗೂಲಿ ಕಳೆದುಕೊಂಡವರು. ಅಲ್ಲಿನ ಹೆಂಗಸರ ಮಾತು ನಮ್ಮ ಮನೆಯ ದಖನಿಯೇ. ನಾಯಕರು ಗುಂಪಿನ ಮುಂದೆ ಆಡಿದ್ದನ್ನು ಆಡಿದಂತೆ ಇಟ್ಟಿರುವುದೇ ಅವರ ಮೇಲಿನ ತೀರ್ಪು. ಇಂಥಲ್ಲಿ ನೋಡದೆ ಇರುವುದು ಸಭ್ಯತೆಯಲ್ಲ. ಕಣ್ಣು ಮುಚ್ಚಿಕೊಂಡವನೂ ಒಂದು ಪಕ್ಷದಲ್ಲೇ ನಿಂತಿರುತ್ತಾನೆ.

1991ರ 'ಸಮ್‌ಥಿಂಗ್ ಲೈಕ್ ಎ ವಾರ್' ಇನ್ನೂ ಕಷ್ಟದ್ದು. ಕುಟುಂಬ ಯೋಜನೆಯ ಹೆಸರಿನಲ್ಲಿ ಬಡ ಹೆಂಗಸರ ಮೈಯ ಮೇಲೆ ನಡೆದದ್ದರ ಚಿತ್ರ. ತುರ್ತುಪರಿಸ್ಥಿತಿಯಲ್ಲಿ ಗಂಡಸರನ್ನು ಹಿಡಿದು ಆಪರೇಷನ್ ಮಾಡಿಸಿದ್ದಕ್ಕೆ ಸರ್ಕಾರವೇ ಬಿತ್ತು, ಆಮೇಲೆ ಗುರಿ ಹೆಂಗಸರ ಕಡೆ ತಿರುಗಿತು. ಲ್ಯಾಪರೋಸ್ಕೋಪಿ ಶಿಬಿರದಲ್ಲಿ ವೈದ್ಯನೊಬ್ಬ ಒಬ್ಬರಾದ ಮೇಲೆ ಒಬ್ಬರಿಗೆ ಶಸ್ತ್ರಕ್ರಿಯೆ ಮಾಡುತ್ತ, ತಾನು ಈವರೆಗೆ ಮಾಡಿದ ಆಪರೇಷನ್ನುಗಳ ಲೆಕ್ಕವನ್ನು ಕ್ಯಾಮೆರಾಕ್ಕೆ ಹೆಮ್ಮೆಯಿಂದ ಹೇಳುತ್ತಾನೆ. ಮೇಜಿನ ಮೇಲೆ ನೋವಿನಿಂದ ಹೊರಳುವ ಹೆಣ್ಣು. ಅವಳು ಕ್ಯಾಮೆರಾಕ್ಕೆ ಒಪ್ಪಿಗೆ ಕೊಡುವ ಸ್ಥಿತಿಯಲ್ಲಿ ಇದ್ದಳೇ ಎಂಬ ಪ್ರಶ್ನೆ ನನ್ನನ್ನು ಬಿಡುವುದಿಲ್ಲ. ಬ್ರಿಜ್‌ವಾಟರಿನ ಪ್ರಶ್ನೆಯೇ ಇದು. ಆದರೆ ದೀಪಾ ಒಂದು ಕೆಲಸ ಮಾಡಿದ್ದಾರೆ. ಶಿಬಿರದ ದೃಶ್ಯಗಳ ನಡುನಡುವೆ ಹೆಂಗಸರ ಒಂದು ಗುಂಪು ವೃತ್ತವಾಗಿ ಕೂತು, ಮೈಯ ಚಿತ್ರ ಬರೆದು, ತಮ್ಮ ಮುಟ್ಟು, ಬಸಿರು, ಆಸೆ, ನೋವುಗಳನ್ನು ನಗುತ್ತ ಮಾತಾಡುವುದನ್ನು ಇಟ್ಟಿದ್ದಾರೆ. ಮೇಜಿನ ಮೇಲೆ ಬರೀ ಮೈಯಾಗಿದ್ದವಳು ಇಲ್ಲಿ ಮಾತಾಗುತ್ತಾಳೆ. ಮೇಜಿನ ಮೇಲಿದ್ದವಳ ಸಾಲ ಇದರಿಂದ ತೀರಿತೇ? ಪೂರ್ತಿ ತೀರಲಿಲ್ಲ ಎಂದೇ ನನ್ನ ಎಣಿಕೆ. ಆದರೆ ಆ ದೃಶ್ಯವನ್ನು ತೆಗೆಯದೆ ಬಿಟ್ಟಿದ್ದರೆ ವೈದ್ಯನ ಹೆಮ್ಮೆ ಮಾತ್ರ ಸರ್ಕಾರಿ ಕಾಗದದಲ್ಲಿ ಉಳಿಯುತ್ತಿತ್ತು. 1996ರಲ್ಲಿ ಸರ್ಕಾರ ಗುರಿಯ ಪದ್ಧತಿ ಕೈಬಿಟ್ಟಿತೆಂದು ಹೇಳುತ್ತಾರೆ. 2014ರ ನವೆಂಬರಿನಲ್ಲಿ ಛತ್ತೀಸ್‌ಗಢದ ಬಿಲಾಸ್ಪುರದ ಹತ್ತಿರ ಒಂದೇ ಶಿಬಿರದಲ್ಲಿ 83 ಹೆಂಗಸರಿಗೆ ಆಪರೇಷನ್ ಮಾಡಿ ಹತ್ತಕ್ಕೂ ಹೆಚ್ಚು ಮಂದಿ ಸತ್ತಾಗ ನನಗೆ ನೆನಪಾದದ್ದು ಈ ಹಳೆಯ ಚಿತ್ರ.

ನಮ್ಮ ಓದುಗರಿಗೆ ಹೆಚ್ಚು ಹತ್ತಿರದ್ದು 2011ರ 'ಇನ್‌ವೋಕಿಂಗ್ ಜಸ್ಟಿಸ್'. ದೀಪಾ ಅವರ ನೋಡುವ ಕ್ರಮ ಹದಕ್ಕೆ ಬಂದದ್ದು ಇದರಲ್ಲಿ ಎಂದು ನನ್ನ ಅಭಿಪ್ರಾಯ. ತಮಿಳುನಾಡಿನ ಮಸೀದಿ ಜಮಾತುಗಳಲ್ಲಿ ಗಂಡಹೆಂಡಿರ ತಂಟೆ ತೀರ್ಮಾನವಾಗುವಾಗ ಹೆಂಡತಿಗೆ ಬಂದು ಕೂತು ತನ್ನ ಮಾತು ಹೇಳುವ ಅವಕಾಶ ಇರುತ್ತಿರಲಿಲ್ಲ. ಪುದುಕೋಟೆಯ ದಾವೂದ್ ಷರೀಫಾ ಖಾನಂ ಮುಂದಾಳತ್ವದಲ್ಲಿ 2004ರಲ್ಲಿ ಹೆಂಗಸರದೇ ಜಮಾತ್ ಶುರುವಾಯಿತು. ಚಿತ್ರ ಬರುವ ಹೊತ್ತಿಗೆ 12 ಜಿಲ್ಲೆಗಳಲ್ಲಿ 12,000 ಸದಸ್ಯೆಯರು, ತೀರ್ಮಾನವಾದ ತಂಟೆಗಳು 8,000ಕ್ಕೂ ಮೀರಿದ್ದವು. ಕ್ಯಾಮೆರಾ ಆ ಹೆಂಗಸರ ನಡುವೆ ಕೂತು ಕೇಳುತ್ತದೆ. ಹೊಡೆಸಿಕೊಂಡವಳು, ತಲಾಖ್ ಕಾಗದ ಬಂದವಳು, ಮಗಳ ಸಾವಿಗೆ ನ್ಯಾಯ ಕೇಳುವ ತಾಯಿ. ಮಾತು ನಿಂತಾಗ ಅದೂ ನಿಂತು ಕಾಯುತ್ತದೆ. ಜಮಾತಿನ ಹೆಂಗಸರು ಊರೂರು ಅಲೆದು, ಪೊಲೀಸ್ ಠಾಣೆಗೆ ಹೋಗಿ, ಗಂಡಸರ ಜಮಾತಿನ ಎದುರು ಕೂತು ವಾದಿಸುವುದನ್ನು ಅವಸರವಿಲ್ಲದೆ ತೋರಿಸುತ್ತದೆ.

ನಮ್ಮ ಮನೆಯ ಹುಳುಕನ್ನು ಪರರಿಗೆ ತೋರಿಸುವುದೇಕೆ ಎಂಬ ಮಾತು ನಮ್ಮಲ್ಲಿ ಸುಲಭವಾಗಿ ಬರುತ್ತದೆ. ಅದರಲ್ಲಿ ಭಯವಿದೆ, ಭಯಕ್ಕೆ ಕಾರಣಗಳೂ ಇವೆ. ನಮ್ಮ ಒಂದು ತಪ್ಪನ್ನು ಹಿಡಿದು ಇಡೀ ಸಮುದಾಯವನ್ನು ಅಳೆಯಲು ಗಜಕಡ್ಡಿ ಹಿಡಿದು ಕೂತವರು ಎಷ್ಟಿಲ್ಲ? ಆದರೆ ಈ ಚಿತ್ರದ ಮುಂದೆ ಆ ಮಾತು ನಿಲ್ಲುವುದಿಲ್ಲ. ಯಾಕೆಂದರೆ ಇಲ್ಲಿ ಹೆಂಗಸರಿಗೆ ಆದ ಅನ್ಯಾಯವೇ ಅವರನ್ನು ಯಾರೂ ನೋಡದಿದ್ದದ್ದು. ಅವರ ಗೈರುಹಾಜರಿಯಲ್ಲಿ ಅವರ ಬದುಕಿನ ತೀರ್ಮಾನವಾಗುತ್ತಿತ್ತು. ಹತ್ತು ಜನರ ಎದುರು ಕಾಣಿಸಿಕೊಳ್ಳುವುದೇ ಅವರ ಬೇಡಿಕೆಯ ಅರ್ಧ ಭಾಗ. ಮುಖ ಮುಚ್ಚಿಡುವುದು ಎಲ್ಲ ಸಲವೂ ಮಾನ ಕಾಯುವುದಲ್ಲ. ಬಾನು ಮುಷ್ತಾಕ್ ಅವರ 'ಕರಿ ನಾಗರಗಳು' ಕಥೆಯನ್ನು ಆಧರಿಸಿ ಗಿರೀಶ್ ಕಾಸರವಳ್ಳಿಯವರು 2004ರಲ್ಲಿ ತೆಗೆದ 'ಹಸೀನಾ'ವನ್ನು ನೀವು ನೋಡಿರಬಹುದು. ಅಲ್ಲಿಯೂ ಒಬ್ಬ ಹೆಣ್ಣುಮಗಳು ನ್ಯಾಯ ಕೇಳಿ ಮಸೀದಿಯ ಎದುರು ಬರುತ್ತಾಳೆ. ಆದರೆ ಚಿತ್ರ ಮುಗಿದ ಮೇಲೆ ಪಾತ್ರ ಮಾಡಿದ ತಾರಾ ತಮ್ಮ ಮನೆಗೆ ಹೋಗುತ್ತಾರೆ. ಪುದುಕೋಟೆಯ ಹೆಂಗಸರು ಹೋಗುವುದು ಅದೇ ಓಣಿಗೆ, ಅದೇ ಜಮಾತಿನ ನೆರಳಿಗೆ. ಅಷ್ಟು ತಿಳಿದೂ ಅವರು ಕ್ಯಾಮೆರಾದ ಮುಂದೆ ಕೂತರಲ್ಲ, ಅದು ಕೊಟ್ಟ ಕಾಣಿಕೆ, ಜಾಲ್ ಅಕ್ಷರದ ನಜ್ರ್. ತೆಗೆದುಕೊಂಡವರು ಋಣಿಗಳಾಗುತ್ತಾರೆ.

ಆ ಋಣ ಎಲ್ಲಿಯವರೆಗೆ? ಇದು ನನಗೆ ಇನ್ನೂ ಬಗೆಹರಿಯದ ತೊಡಕು. 16 ಎಂ.ಎಂ.ನ 400 ಅಡಿ ರೀಲಿಗೆ ಹನ್ನೊಂದು ನಿಮಿಷದಷ್ಟೇ ಆಯುಷ್ಯ. ಫಿಲ್ಮು ದುಬಾರಿ, ಹಾಗಾಗಿ ಗುಂಡಿ ಒತ್ತುವ ಮೊದಲು ಯೋಚಿಸಬೇಕಿತ್ತು. ತೋರಿಸಲು ಪ್ರೊಜೆಕ್ಟರ್ ಬೇಕು, ಬಿಳಿ ಬಟ್ಟೆ ಬೇಕು, ಜನ ಸೇರಬೇಕು. 1982ರಲ್ಲಿ ನಿಪ್ಪಾಣಿಯ ಹೆಂಗಸು ಒಪ್ಪಿದ್ದು ಆ ಬಗೆಯ ತೋರಿಸುವಿಕೆಗೆ. ಮುಂದೆ ಯುಗಾಂತರದ ಚಿತ್ರಗಳನ್ನು ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆ ಜೀರ್ಣೋದ್ಧಾರ ಮಾಡಿ ಡಿಜಿಟಲ್ ಮಾಡಿತು. ಒಳ್ಳೆಯ ಕೆಲಸ, ಇಲ್ಲದಿದ್ದರೆ ಅವು ಹಾಳಾಗುತ್ತಿದ್ದವು. ಆದರೆ ಆ ಹೆಂಗಸಿನ ಮುಖವನ್ನು ಈಗ ಬರ್ಲಿನ್ನಿನಲ್ಲಿ ನೋಡುತ್ತಾರೆ. ಅವಳ ಒಪ್ಪಿಗೆ ಅಲ್ಲಿಯವರೆಗೂ ಹೋಗುತ್ತದೆಯೇ? ಅವಳ ಮೊಮ್ಮಗಳಿಗೆ ಹೆಮ್ಮೆಯೋ ಮುಜುಗರವೋ? ಇದಕ್ಕೆ ಚಿತ್ರ ತೆಗೆದವರನ್ನು ದೂರುವುದು ತಪ್ಪಾಗುತ್ತದೆ. ಆದರೂ ಒಮ್ಮೆ ಕೊಟ್ಟ ಒಪ್ಪಿಗೆ ಎಂದೆಂದಿಗೂ ಸಲ್ಲುತ್ತದೆ ಎಂದು ಒಪ್ಪಲು ನಾನು ಸಿದ್ಧನಿಲ್ಲ. ಅಮಾನತ್ ಇಟ್ಟುಕೊಂಡವನು ಆಗಾಗ ಇಟ್ಟವರ ಬಾಗಿಲಿಗೆ ಹೋಗಿ, ನಿಮ್ಮದು ನನ್ನ ಹತ್ತಿರ ಇದೆ ಎಂದು ಹೇಳಿ ಬರಬೇಕಾಗುತ್ತದೆ. ರೋಹಿತ್ ವೇಮುಲನ ಸಾವಿನ ನಂತರದ ವಿದ್ಯಾರ್ಥಿ ಹೋರಾಟದ ಬಗ್ಗೆ ದೀಪಾ 2018ರಲ್ಲಿ ತೆಗೆದ 'ವಿ ಹ್ಯಾವ್ ನಾಟ್ ಕಮ್ ಹಿಯರ್ ಟು ಡೈ' ನೋಡುವಾಗ ನನಗೆ ಬೇರೆಯೇ ಒಂದು ಸಂಗತಿ ಕಂಡಿತು. ಅಲ್ಲಿನ ಹುಡುಗರ ಕೈಯಲ್ಲೆಲ್ಲ ಮೊಬೈಲು, ಅವರೂ ತೆಗೆಯುತ್ತಿದ್ದಾರೆ. ನೋಡುವವರು, ನೋಡಿಸಿಕೊಳ್ಳುವವರು ಎಂಬ ಎರಡು ಜಾತಿ ಅಲ್ಲಿ ಉಳಿದಿಲ್ಲ. ಬಾಗಳಿಯ ಮುದುಕಿಯರಿಗೆ ಮಾತ್ರ ಅದು ಇನ್ನೂ ಉಳಿದಿದೆ.

ಸಾಕ್ಷ್ಯಚಿತ್ರ ಎಂಬ ಮಾತಿನಲ್ಲೇ ಸಾಕ್ಷ್ಯವಿದೆ. ಕೋರ್ಟಿನಲ್ಲಿ ಸಾಕ್ಷಿ ಹೇಳಿದವನಿಗೆ ಪಾಟೀಸವಾಲು ಉಂಟು, ಅವನು ಸುಳ್ಳು ಹೇಳಿದರೆ ಶಿಕ್ಷೆಯುಂಟು. ಚಿತ್ರ ತೆಗೆದವನಿಗೆ, ಕಥೆ ಬರೆದವನಿಗೆ ಪಾಟೀಸವಾಲು ಹಾಕುವವರು ಯಾರು?

ಇನ್ನೂ ಒಂದು ತಪ್ಪೊಪ್ಪಿಗೆ ಬಾಕಿಯಿದೆ. ಆ ಘಟನೆಯಾದ ಕೆಲವು ವರ್ಷಗಳ ಮೇಲೆ ನಾನು ಒಂದು ಕಥೆ ಬರೆದೆ. ಬೀಡಿ ಕಟ್ಟುವ ಹೆಂಗಸು, ಎದೆಯ ಕೆಮ್ಮು, ಮೊರದ ಮೇಲೆ ರಕ್ತದ ಹನಿ. ಓದಿದವರು ಮೆಚ್ಚಿದರು. ನೈಜವಾಗಿದೆ ಎಂದು ಒಬ್ಬರು ಬೆನ್ನು ತಟ್ಟಿದರು. ವಿಡಿಯೋದವರು ಖಾಲಾನ ಬಾಯಿಂದ ಎರಡು ಕೆಮ್ಮು ತೆಗೆಸಿದ್ದರು, ನಾನು ರಕ್ತವನ್ನೇ ತೆಗೆಸಿದೆ. ಹೆಸರು ಬದಲಿಸಿದ್ದೆ, ನಿಜ. ಬಾಗಳಿಯಲ್ಲಿ ಆ ಕಥೆ ಓದುವವರು ಯಾರೂ ಇಲ್ಲವೆಂಬ ಧೈರ್ಯವೂ ಇತ್ತು. ಅವರು ಓದಲಾರರು ಎಂಬುದೇ ನನಗೆ ಸಿಕ್ಕ ಅನುಮತಿಯಾಗಿತ್ತು.

ಈ ಲೇಖನ ಬರೆದಾದ ಮೇಲೆ ಆ ತಪ್ಪನ್ನು ಮತ್ತೆ ಮಾಡಬಾರದೆಂದು ಬಾಗಳಿಗೆ ಹೋದೆ. ಖಾಲಾಗೆ ಈಗ ವಯಸ್ಸಾಗಿದೆ. ಬೆರಳು ಸೊಟ್ಟಗಾಗಿ ಬೀಡಿ ಕಟ್ಟುವುದನ್ನು ಬಿಟ್ಟು ಏಳೆಂಟು ವರ್ಷವಾಯಿತು. ಅವಳಿಗೆ ಸಂಬಂಧಿಸಿದ ಭಾಗವನ್ನು ದಖನಿಯಲ್ಲಿ ಓದಿ ಹೇಳಿದೆ. ಕಥೆಯ ವಿಷಯವನ್ನೂ ಹೇಳಿದೆ. ರಕ್ತದ ಮಾತಿಗೆ "ತೋಬಾ" ಎಂದು ಕೆನ್ನೆ ಬಡಿದುಕೊಂಡು ನಕ್ಕಳು. ಮಗಳ ಸಂಬಂಧದ ವಿಷಯ ಬರೆಯಲೇ ಬೇಡವೇ ಎಂದು ಕೇಳಿದೆ. ಅವಳಿಗೀಗ ಮೂರು ಮಕ್ಕಳು, ಬರೆದರೆ ಬರಿ ಅಂದಳು. ಇನ್ನೊಂದು ಸಂಗತಿಯನ್ನು ತೆಗೆಯಲು ಹೇಳಿದಳು, ತೆಗೆದಿದ್ದೇನೆ. ಹೆಸರು ಬೇಡವೆಂದಳು.

ಎದ್ದು ಹೊರಡುವಾಗ ಕೂಗಿ ನಿಲ್ಲಿಸಿದಳು. ಒಂದು ಮಾತು ಬಿಟ್ಟಿದ್ದೀಯ ಎಂದಳು. ಆವತ್ತು ಅವರು ಜುಹರ್ ನಮಾಜಿನ ಹೊತ್ತಿಗೆ ಬಂದವರು ಅಸರ್ ಆಗುವವರೆಗೆ ಮೊರ ಮುಟ್ಟಲು ಬಿಡಲಿಲ್ಲ, ಬೆಳಕು ಸರಿಮಾಡುತ್ತಲೇ ಇದ್ದರು, ರಾತ್ರಿ ಲೆಕ್ಕಕ್ಕೆ ಮುನ್ನೂರು ಬೀಡಿ ಕಡಿಮೆ ಬಿದ್ದವು, ಅದನ್ನು ಬರಿ ಅಂದಳು.